ಹೊಸ್ತಿಲ ಮೇಲಿನ ಬಾಕಿ: ಮೊರಾಕೊದ ಜಿನ್ನ್ ಕಥೆ ಬರೆಯುವುದು ಹೇಗೆ

ಮೊರಾಕೊದ ಹಿನ್ನೆಲೆಯಲ್ಲಿ ಭಯದ ಕಥೆ ಬರೆಯಲು ಕೂತವರು ಸಾಮಾನ್ಯವಾಗಿ ಮೊದಲ ಪುಟದಲ್ಲೇ ಎಡವುತ್ತಾರೆ. ಸತ್ತ ಅಜ್ಜಿಯನ್ನೋ ಕೊಲೆಯಾದ ಹುಡುಗಿಯನ್ನೋ ಮನೆಗೆ ವಾಪಸು ಕರೆತರುತ್ತಾರೆ. ಅಲ್ಲಿನ ನಂಬಿಕೆಯಲ್ಲಿ ಸತ್ತವರು ಅಂತ್ಯದಿನದವರೆಗೆ ಬರ್ಝಖ್‌ನಲ್ಲಿ, ಅಂದರೆ ಸಾವಿಗೂ ಪುನರುತ್ಥಾನಕ್ಕೂ ನಡುವಿನ ಲೋಕದಲ್ಲಿ, ಇರುತ್ತಾರೆ, ಮನೆ ಸುತ್ತುವುದಿಲ್ಲ. ರಾತ್ರಿ ಸದ್ದು ಮಾಡುವವರು, ಮೈಮೇಲೆ ಬರುವವರು, ತೊಟ್ಟಿಲ ಮಗುವನ್ನು ಅದಲುಬದಲು ಮಾಡುವವರು ಜಿನ್ನ್‌ಗಳು. ಇವರು ಹೊಗೆಯಿಲ್ಲದ ಬೆಂಕಿಯಿಂದ ಹುಟ್ಟಿದ ಬೇರೆಯೇ ಒಂದು ಜನ. ಮದುವೆಯಾಗುತ್ತಾರೆ, ಹೆರುತ್ತಾರೆ, ಸಾಯುತ್ತಾರೆ, ಅವರಲ್ಲೂ ಧರ್ಮ ಬಿಟ್ಟವರು ಧರ್ಮ ಹಿಡಿದವರು ಇದ್ದಾರೆ. ಮನೆಮಂದಿ ಅವರ ಹೆಸರೆತ್ತದೆ ‘ಮ್ವಾಲಿನ್ ಲ್‌ಮ್ಕಾನ್’, ಜಾಗದ ಯಜಮಾನರು, ಎನ್ನುತ್ತಾರೆ. ಅಂದರೆ ನೀವು ಬರೆಯಬೇಕಾದದ್ದು ನೆರೆಯವರ ಜೊತೆಗಿನ ತಕರಾರು. ಪ್ರೇತಕ್ಕೆ ಮುಕ್ತಿ ಕೊಡಿಸಿದರೆ ಕಥೆ ಮುಗಿಯುತ್ತದೆ. ನೆರೆಯವರು ಬಾಕಿ ತೀರುವ ತನಕ ಬಿಡುವುದಿಲ್ಲ.

ಬಾಕಿ ಯಾವುದೆಂದು ಮೊದಲು ಗೊತ್ತುಮಾಡಿ

ಮನೆತನದ ತಪ್ಪಿಗೂ ಜಿನ್ನ್‌ಗೂ ನಡುವೆ ಕೊಂಡಿಯಿಲ್ಲದಿದ್ದರೆ ಕಥೆ ಎರಡು ಹೋಳಾಗುತ್ತದೆ: ಒಂದು ಕಡೆ ಗುಟ್ಟು, ಇನ್ನೊಂದು ಕಡೆ ಸದ್ದು. ಕೊಂಡಿಯನ್ನು ಹೊಸದಾಗಿ ಕಟ್ಟಬೇಕಾಗಿಲ್ಲ, ಮೊರಾಕೊದ ಬದುಕಿನಲ್ಲೇ ಸಿದ್ಧವಾಗಿರುವ ಮೂರು ಸಿಗುತ್ತವೆ.

ಒಂದು, ‘ರ್ದಾ’ ಮತ್ತು ‘ಸಖ್ತ್’. ರ್ದಾ ಅಂದರೆ ತಂದೆತಾಯಿಯ ತೃಪ್ತಿ, ಸಖ್ತ್ ಅವರ ಶಾಪ. ಶಾಪ ತಟ್ಟಿದವನು ‘ಮೆಸ್ಖೂತ್’; ಅವನ ಕೈಗೆ ಯಾವ ಕೆಲಸವೂ ಹತ್ತುವುದಿಲ್ಲ. ಬೈಗುಳವಾಗಿ ದಿನಾ ಬಳಕೆಯಾಗುವ ಮಾತು ಇದಾದ್ದರಿಂದ ಓದುಗನಿಗೆ ವಿವರಿಸದೆಯೇ ಕಥೆಯೊಳಗೆ ತರಬಹುದು. ಆಸ್ತಿ ಹಂಚಿಕೆಯ ಕಥೆಗಳಿಗೆ ಇದು ಚೆನ್ನಾಗಿ ಒಗ್ಗುತ್ತದೆ. ಮಗನಿಗೆ ಸಿಗುವುದರ ಅರ್ಧ ಮಗಳಿಗೆ ಎಂಬುದು ಉತ್ತರಾಧಿಕಾರದ ನಿಯಮ, ಆ ಅರ್ಧವನ್ನೂ ಅಣ್ಣಂದಿರಿಗೆ ಬಿಟ್ಟುಕೊಡು ಎಂದು ತಂಗಿಯನ್ನು ಪೀಡಿಸುವ ಮನೆಗಳಿವೆ.

ಎರಡು, ‘ಬಗ್ಲತ್ ಲ್‌ಕ್ಬೂರ್’, ಗೋರಿಗಳ ಹೇಸರಗತ್ತೆ. ಗಂಡ ಸತ್ತ ಮೇಲೆ 4 ತಿಂಗಳು 10 ದಿನದ ಇದ್ದತ್‌ನಲ್ಲಿ ಬಿಳಿ ಉಡುಪಿನಲ್ಲಿ ಇರಬೇಕಾದ ವಿಧವೆ ಆ ಕಟ್ಟು ಮುರಿದರೆ, ರಾತ್ರಿಯಾದಾಗ ಹೇಸರಗತ್ತೆಯಾಗಿ ಸರಪಳಿ ಎಳೆಯುತ್ತಾ ಸ್ಮಶಾನದಲ್ಲಿ ಅಲೆಯುತ್ತಾಳೆ, ಬೆಳಗಾದಾಗ ಮತ್ತೆ ಹೆಂಗಸಾಗುತ್ತಾಳೆ ಎಂದು ಹೇಳುವ ಕಥೆ. ಅಮಾಝಿಘ್, ಅಂದರೆ ಬರ್ಬರ್, ಹಳ್ಳಿಗಳಲ್ಲಿ ಇದಕ್ಕೆ ಬಲ ಹೆಚ್ಚು. ಬರೆಯುವವರು ಕೇಳಿಕೊಳ್ಳಬೇಕಾದ ಪ್ರಶ್ನೆ: ಆಕೆ ಹೇಸರಗತ್ತೆ ಎಂದು ಊರು ನಂಬಿದರೆ ಆಕೆಯ ಹೊಲ ಯಾರ ಪಾಲಾಗುತ್ತದೆ?

ಮೂರನೆಯದು, ನಮ್ಮ ಅಂದಾಜಿನಲ್ಲಿ ಎಲ್ಲಕ್ಕಿಂತ ಗಟ್ಟಿಯಾದದ್ದು, ‘ಆರ್’. ನ್ಯಾಯ ಸಿಗದ ದುರ್ಬಲನು ಬಲಶಾಲಿಯ ಬಾಗಿಲಿಗೆ ಬಂದು ಹೊಸ್ತಿಲ ಮೇಲೆ ಪ್ರಾಣಿ ಕೊಯ್ದು ತನ್ನ ಬೇಡಿಕೆಯನ್ನು ಅವನ ಮೇಲೆ ಹೊರಿಸುತ್ತಾನೆ. ಈಡೇರಿಸಿದರೆ ಸರಿ, ತಿರಸ್ಕರಿಸಿದರೆ ಕೇಡು ಆ ಮನೆಗೆ. ಇದು ಷರತ್ತಿನ ಶಾಪ. ಹೊಸ್ತಿಲು ಜಿನ್ನ್‌ಗಳ ಜಾಗ, ರಕ್ತ ಅವರನ್ನು ಸೆಳೆಯುವ ವಸ್ತು. ಹೀಗೆ ಮನುಷ್ಯರ ಅನ್ಯಾಯ, ಶಾಪ, ಜಿನ್ನ್ ಮೂರೂ ಒಂದೇ ಕಲ್ಲಿನ ಮೇಲೆ ಕೂಡುತ್ತವೆ. ಕಥೆಗಾರನಿಗೆ ಇಷ್ಟು ಅನುಕೂಲವಾದ ಸಂಪ್ರದಾಯ ಇನ್ನೊಂದು ಸಿಗುವುದು ಕಷ್ಟ.

ಕೆಲಸ ಹೇಗೆ ಸಾಗುತ್ತದೆ ಎಂದು ತೋರಿಸಲು ಒಂದು ಕಥೆಯನ್ನು ಕಟ್ಟೋಣ. ಫೆಝ್ ನಗರದ ಮದೀನಾದಲ್ಲಿ, ಅಂದರೆ ಹಳೆಯ ಪೇಟೆಯಲ್ಲಿ, ಒಂದು ಮನೆ. 1994ರಲ್ಲಿ ಮಧ್ಯ ಅಟ್ಲಾಸ್‌ನ ಹಳ್ಳಿಯಿಂದ ದಲ್ಲಾಳಿ ಕರೆತಂದ 10 ವರ್ಷದ ಕೆಲಸದ ಹುಡುಗಿ, ಮನೆಯ ಮಗಳ ಮದುವೆಗೆ ಮುಂಚಿನ ವಾರ, ಕತ್ತಲಲ್ಲಿ ನೀರು ಸೇದುವಾಗ ಬಾವಿಗೆ ಬಿದ್ದು ಸಾಯುತ್ತಾಳೆ. ಮದುವೆ ನಿಂತೀತೆಂದು ಮನೆಯವರು ಬಾವಿ ಮುಚ್ಚಿಸಿ, ಹುಡುಗಿ ಓಡಿಹೋದಳು ಎನ್ನುತ್ತಾರೆ. ಕೆಲವು ತಿಂಗಳ ಮೇಲೆ ತಾಯಿ ಬಂದು ಹೊಸ್ತಿಲ ಮೇಲೆ ಹುಂಜ ಕೊಯ್ಯುತ್ತಾಳೆ. ಮನೆಯವರು ರಕ್ತ ದಾಟಿ ಒಳಗೆ ಹೋಗುತ್ತಾರೆ. 2019ರಲ್ಲಿ, ಮನೆ ಮಾರಾಟಕ್ಕೆ ಬಂದಾಗ, 17 ವರ್ಷದ ಮೊಮ್ಮಗನಿಗೆ ಏನೋ ಆಗುತ್ತದೆ.

ಇಲ್ಲಿ ಕೊಲೆ ಇಲ್ಲ ಎಂಬುದನ್ನು ಗಮನಿಸಿ. ಕೊಲೆಯಿದ್ದರೆ ತಪ್ಪು ಒಬ್ಬನದಾಗುತ್ತದೆ, ಉಳಿದವರು ಕೈತೊಳೆದುಕೊಳ್ಳುತ್ತಾರೆ. ಹೇಡಿತನವನ್ನಾದರೆ ಮನೆಮಂದಿಯೆಲ್ಲ ಹಂಚಿಕೊಳ್ಳಬಹುದು. ಬರೆಯುವ ಮೊದಲು ಒಂದು ಹಾಳೆಯಲ್ಲಿ ಮನೆಯ ಪ್ರತಿಯೊಬ್ಬರ ಹೆಸರು ಬರೆದು, ಆ ಸುಳ್ಳಿನಿಂದ ಅವರಿಗೆ ಸಿಕ್ಕಿದ್ದೇನು ಎಂದು ಎದುರಿಗೆ ನಮೂದಿಸಿ: ಮಗಳಿಗೆ ಮದುವೆ, ಮಗನಿಗೆ ಕೆಡದ ಹೆಸರು, ಮೊಮ್ಮಗನಿಗೆ ಹುಟ್ಟು. ಯಾರ ಎದುರಾದರೂ ಖಾಲಿ ಉಳಿದರೆ ಆ ಪಾತ್ರವನ್ನು ತೆಗೆದುಬಿಡಿ, ಕಥೆ ಹಗುರಾಗುತ್ತದೆ.

ಕಾಲದ ಆಯ್ಕೆಯೂ ಸುಮ್ಮನೆ ಮಾಡಿದ್ದಲ್ಲ. ಮನೆಗೆಲಸದವರ ಬಗೆಗಿನ 19-12 ಸಂಖ್ಯೆಯ ಕಾನೂನು ಹೊರಬಿದ್ದದ್ದು 2016ರಲ್ಲಿ, ಜಾರಿಯಾದದ್ದು 2018ರ ಅಕ್ಟೋಬರ್‌ನಲ್ಲಿ. ಹಾಗಾಗಿ 1994ರಲ್ಲಿ ಯಾರೂ ಮುಚ್ಚಿಡಬೇಕಾಗಿಲ್ಲದ ಸಂಗತಿಯ ಬಗ್ಗೆ 2019ರ ಸೊಸೆ ನಾಚಿಕೆಪಡುತ್ತಾಳೆ. ಹುಡುಗಿಯ ಸಂಬಳ ಹೋಗುತ್ತಿದ್ದದ್ದು ಅಪ್ಪನ ಕೈಗೆ ಎಂಬುದನ್ನೂ ಮರೆಯಬೇಡಿ. ಹಳ್ಳಿಯ ಮನೆಗೂ ಈ ತಪ್ಪಿನಲ್ಲಿ ಪಾಲಿದೆ.

ಮನೆ

ನಕ್ಷೆ ಬರೆಯದೆ ಕಥೆ ಶುರುಮಾಡಬೇಡಿ. ಮದೀನಾದ ಮನೆ ಹೊರಗಿನಿಂದ ಕುರುಡು ಗೋಡೆ. ಬಾಗಿಲು ದಾಟಿ ತಿರುವು ತೆಗೆದುಕೊಂಡರೆ ‘ವಸ್ತ್ ಎದ್ದಾರ್’, ನಡುವಿನ ಅಂಗಳ. ಅದರ ಸುತ್ತ ಉದ್ದನೆಯ ಕೋಣೆಗಳು, ಮೇಲೆ ತೆರೆದ ಬೆಳಕಿಂಡಿ, ಅದಕ್ಕೂ ಮೇಲೆ ಹೆಂಗಸರ ರಾಜ್ಯವಾದ ತಾರಸಿ. ಕೆಲಸದ ಹುಡುಗಿ ಮಲಗುವುದು ಅಡುಗೆಮನೆಯ ಮೂಲೆಯಲ್ಲೋ ಮೆಟ್ಟಿಲ ಕೆಳಗೋ. ಜಿನ್ನ್‌ಗಳಿಗೆ ಜಾಗ ಹುಡುಕಬೇಕಾಗಿಲ್ಲ: ಬಚ್ಚಲ ಕಂಡಿ, ಬಾವಿ, ಕಕ್ಕಸು, ಹೊಸ್ತಿಲು, ಖಾಲಿ ಬಿಟ್ಟ ಕೋಣೆ, ಕುರಿ ಕೊಯ್ಯುವ ಜಾಗ. ನೀರು, ಕೊಳೆ, ರಕ್ತ ಇದ್ದಲ್ಲಿ ಅವರೂ ಇರುತ್ತಾರೆ. ಬೀದಿಕೊನೆಯ ಹಮ್ಮಾಮ್, ಸಾರ್ವಜನಿಕ ಸ್ನಾನಗೃಹ, ಕೂಡ ಕತ್ತಲಾದ ಮೇಲೆ ಅವರದೇ.

ಮರುಭೂಮಿ, ಒಂಟೆ, ದೀಪದಿಂದ ಹೊರಬರುವ ದೈತ್ಯ ಇವೆಲ್ಲ ಬೇಡ. ಫೆಝ್‌ನಲ್ಲಿ ಚಳಿಗಾಲದ ಮಳೆ ಬಿದ್ದರೆ ಗೋಡೆಗಳು ಬೆವರುತ್ತವೆ. ಹುಡುಗಿಯ ಊರಿನ ಕಡೆ ಹಿಮ ಬೀಳುತ್ತದೆ. ಆಫ್ರಿಕಾದ ಅತಿ ಕಡಿಮೆ ಉಷ್ಣಾಂಶ, ಮೈನಸ್ 23.9 ಡಿಗ್ರಿ, ದಾಖಲಾದದ್ದು 1935ರಲ್ಲಿ ಮಧ್ಯ ಅಟ್ಲಾಸ್‌ನ ಇಫ್ರಾನ್‌ನಲ್ಲಿ. ಫೆಝ್‌ನ ಮದೀನಾ 1981ರಿಂದ ಯುನೆಸ್ಕೊ ಪಟ್ಟಿಯಲ್ಲಿದೆ, ಹಳೆಯ ಮನೆಗಳನ್ನು ಕೊಂಡು ಅತಿಥಿಗೃಹ ಮಾಡುವವರು ಬರುತ್ತಲೇ ಇರುತ್ತಾರೆ. ನಮ್ಮ ಕಥೆಯಲ್ಲಿ ಖರೀದಿದಾರನಿಗೆ ಬಾವಿ ತೆರೆಸಬೇಕು, ಅಂಗಳದ ಶೋಭೆಗೆ. ಕಥೆ ನಡೆಸುವ ಮೋಟರು ಇದು. ಭಯದ ಕಥೆಗಳಲ್ಲಿ ಮನೆಯವರು ಏಕೆ ಸುಮ್ಮನೆ ಬಿಟ್ಟುಹೋಗುವುದಿಲ್ಲ ಎಂಬ ಪ್ರಶ್ನೆಗೂ ಇಲ್ಲೇ ಉತ್ತರ ಸಿಗುತ್ತದೆ: ಮಾರಿ ಹೋಗಲೆಂದೇ ಹೊರಟಿದ್ದಾರೆ, ಮಾರಾಟವೇ ಅವರನ್ನು ಹಿಡಿದು ನಿಲ್ಲಿಸಿದೆ.

ಸೂಚನೆಗಳ ಕ್ರಮ

6,000 ಪದಗಳ ಕಥೆ ಎಂದಿಟ್ಟುಕೊಳ್ಳಿ. ಮೊದಲ ಸೂಚನೆ 500 ಪದದೊಳಗೆ ಬರಬೇಕು, ಮತ್ತು ಅದು ದೆವ್ವದ ಸೂಚನೆ ಅನ್ನಿಸಬಾರದು. ಯಾರೋ ನಿಯಮ ತಪ್ಪಿದಂತೆ ಅನ್ನಿಸಬೇಕು. ಕುದಿಯುವ ನೀರನ್ನು ಬಚ್ಚಲಿಗೆ ಸುರಿಯುವಾಗ ‘ಬಿಸ್ಮಿಲ್ಲಾ’ ಹೇಳಬೇಕು, ಒಳಗಿರುವವರ ಮಕ್ಕಳು ಸುಟ್ಟುಕೊಂಡಾರು. ಸೊಸೆ ಹೇಳದೆ ಸುರಿಯುತ್ತಾಳೆ, ಹಾಜ್ಜಾ, ಅಂದರೆ ಅಜ್ಜಿ, ಕಿರುಚುತ್ತಾಳೆ. ಇಷ್ಟೇ ಸಾಕು. ಅಜ್ಜಿಯ ಕಿರುಚಾಟ ಆ ಸಣ್ಣ ತಪ್ಪಿಗೆ ಹೆಚ್ಚಾಯಿತು ಎಂದು ಓದುಗ ಗುರುತಿಸಿಕೊಂಡರೆ ನೀವು ಗೆದ್ದಂತೆ.

ಎರಡನೆಯದು ಉಪ್ಪು. ಜಿನ್ನ್‌ಗಳು ಉಪ್ಪನ್ನೂ ಕಬ್ಬಿಣವನ್ನೂ ಸಹಿಸುವುದಿಲ್ಲ, ಅವರಿಗೆ ಇಡುವ ಎಡೆಗೆ ಉಪ್ಪು ಹಾಕುವುದಿಲ್ಲ. ಮುಚ್ಚಿದ ಬಾವಿಯ ಮೇಲೆ ಬೆಳಿಗ್ಗೆ ಸಪ್ಪೆ ರೊಟ್ಟಿ ಸಿಗಲಿ. ಯಾರೋ ಮಾಟ ಮಾಡಿಸಿದ್ದಾರೆ ಎಂದು ಸೊಸೆಗೆ ಅನುಮಾನ. ಇಟ್ಟವರು ಯಾರೆಂದು ಈಗಲೇ ಹೇಳಬೇಡಿ.

ಮೂರನೆಯದು ಹುಡುಗನ ಮೈಗೆ ಬರಲಿ: ಒಂದು ಕೈ ಸೋಲುವುದು, ಮಾತು ನಿಲ್ಲುವುದು. ಜಿನ್ನ್ ‘ಹೊಡೆದವನು’ ಬೇರೆ, ಜಿನ್ನ್ ಒಳಗೆ ‘ನೆಲೆಸಿದವನು’ ಬೇರೆ. ಹೊಡೆತ ಬಿದ್ದವನಿಗೆ ಪಾರ್ಶ್ವವಾಯುವಿನಂಥ ಲಕ್ಷಣ. ‘ಮೆಸ್ಕೂನ್’, ಅಂದರೆ ನೆಲೆಸಿಕೊಂಡವನು, ಬೇರೆಯವರ ದನಿಯಲ್ಲಿ ಮಾತಾಡುತ್ತಾನೆ. ಎರಡನ್ನೂ ಒಂದೇ ದೃಶ್ಯದಲ್ಲಿ ಕಲಸಿದರೆ ಬಲ್ಲ ಓದುಗ ನಗುತ್ತಾನೆ. ಮೊದಲು ಹೊಡೆತ, ನೆಲೆಸುವುದು 3,000 ಪದ ಕಳೆದ ಮೇಲೆ. ಆಗಲೂ ಹುಡುಗನ ಬಾಯಲ್ಲಿ ಉದ್ದುದ್ದ ಭಾಷಣ ಬೇಡ. ‘ಅಮಾನ್’ ಎಂದಷ್ಟೇ ಕೇಳಲಿ. ಅಮಾಝಿಘ್ ಜನರ ನುಡಿಯಾದ ತಮಝಿಘ್ತ್‌ನಲ್ಲಿ ನೀರು. ಪಟ್ಟಣದ ಅರಬಿ ಬಿಟ್ಟು ಬೇರೆ ನುಡಿ ಆಡದ ಮನೆಯಲ್ಲಿ ಅದು ಅಡುಗೆಮನೆಯ ಮೂಲೆಯ ನುಡಿ.

ತಾಯಿಯ ಹೆಸರು

ಮನೆಯವರು ಫಕೀಹ್‌ನನ್ನು, ಅಂದರೆ ಮಂತ್ರ ತಾಯಿತ ಬಲ್ಲ ಧಾರ್ಮಿಕ ಪಂಡಿತನನ್ನು, ಕರೆಸುತ್ತಾರೆ. ಅವನನ್ನು ಮೋಸಗಾರನನ್ನಾಗಿ ಮಾಡುವುದು ಸುಲಭ, ಮತ್ತು ಸಪ್ಪೆ. ಕೆಲಸ ಬಲ್ಲವನನ್ನಾಗಿಯೇ ಬರೆಯಿರಿ. ಅವನು ಕೆಂಡದ ಮೇಲೆ ಹರ್ಮಲ್ ಬೀಜ, ಪಟಿಕದ ಚೂರು, ಲೋಬಾನ ಹಾಕುತ್ತಾನೆ. ಹರ್ಮಲ್ ಚಿಟಪಟನೆ ಸಿಡಿಯುತ್ತದೆ, ಪಟಿಕ ಉಬ್ಬಿ ಆಕಾರ ತಳೆಯುತ್ತದೆ, ಅದರಲ್ಲಿ ಕಣ್ಣು ಮುಖ ಹುಡುಕುತ್ತಾರೆ. ಸದ್ದು, ವಾಸನೆ, ಆಕಾರ ಮೂರನ್ನೂ ನಾಲ್ಕೇ ಸಾಲಿನಲ್ಲಿ ಮುಗಿಸಿ.

ಆಮೇಲೆ ಲೆಕ್ಕ ಹಾಕಲು ರೋಗಿಯ ಹೆಸರು, ಅವನ ತಾಯಿಯ ಹೆಸರು ಕೇಳುತ್ತಾನೆ. ತಂದೆಯ ಹೆಸರು ಈ ವಿದ್ಯೆಗೆ ಬೇಡ. ಮೊಮ್ಮಗನ ವಿಷಯದಲ್ಲಿ ಉತ್ತರ ಸರಾಗ. ಅದೇ ಪ್ರಶ್ನೆ ಎರಡನೆಯ ಸಲ ಬಂದಾಗ ಮನೆ ಸಿಕ್ಕಿಬೀಳಬೇಕು:

“ಬಾವಿ ಹತ್ತಿರ ಇದ್ದವಳು ಯಾರು, ಹಾಜ್ಜಾ?”

“ಕೆಲಸದ ಹುಡುಗಿ, ಸೀದಿ. ಫಾತಿಮಾ.”

“ಫಾತಿಮಾ, ಯಾರ ಹೊಟ್ಟೇಲಿ ಹುಟ್ಟಿದವಳು?”

“ನಾವು ಅವಳನ್ನ ಫಾತಿಮಾ ಅಂತ ಕರೀತಿದ್ವಿ.”

ಕೇಳಿದ್ದಕ್ಕೆ ಉತ್ತರ ಬರಲಿಲ್ಲ, ಕೇಳದ್ದು ಹೊರಬಂತು. ಮನೆಯವರಿಗೆ ತಾಯಿಯ ಹೆಸರು ಗೊತ್ತಿಲ್ಲ, ಹುಡುಗಿಯ ಹೆಸರೂ ಅವರೇ ಇಟ್ಟದ್ದು. ಫಕೀಹ್ ಕಾಗದ ಮಡಿಚಿ ಎದ್ದುಹೋಗುತ್ತಾನೆ. ದೃಶ್ಯವನ್ನು ಇನ್ನೊಂದು ಸಾಲೂ ಬೆಳೆಸಬೇಡಿ. ಪಶ್ಚಾತ್ತಾಪದ ಕಣ್ಣೀರನ್ನು ಇಲ್ಲಿ ಸುರಿಸಿದರೆ ಮುಂದಿನ ಅರ್ಧ ಕಥೆಗೆ ಏನೂ ಉಳಿಯುವುದಿಲ್ಲ.

ಪಂಚಾಂಗ ಹೊಂದಿಸುವುದು

ಕಥೆಯ ಅತಿ ದೊಡ್ಡ ತಿರುವು ಕ್ಯಾಲೆಂಡರಿನಲ್ಲಿದೆ. ರಮದಾನ್ ತಿಂಗಳಲ್ಲಿ ಜಿನ್ನ್‌ಗಳು ಬಂಧಿತರು, 27ನೆಯ ರಾತ್ರಿ ಅವರಿಗೆ ಬಿಡುಗಡೆ ಎಂದು ಮೊರಾಕೊದಲ್ಲಿ ನಂಬುತ್ತಾರೆ. ಅದಕ್ಕೇ ಅದರ ಹಿಂದಿನ ಶಾಬಾನ್ ತಿಂಗಳು ಗ್ನಾವಾ ರಾತ್ರಿಗಳ, ಅಂದರೆ ಸಂಗೀತದಿಂದ ಜಿನ್ನ್‌ಗಳನ್ನು ಒಲಿಸುವ ಆಚರಣೆಗಳ, ಋತು. 2019ರಲ್ಲಿ ಅಲ್ಲಿ ರಮದಾನ್ ಮೇ 7ಕ್ಕೆ ಶುರುವಾಯಿತು. ಕಾಟವನ್ನು ಏಪ್ರಿಲ್‌ನಲ್ಲಿ ಏರಿಸುತ್ತಾ ಹೋಗಿ, ಮೇ 7ರಂದು ಮನೆಮಂದಿ ನಿಟ್ಟುಸಿರು ಬಿಡಲಿ. ಮೇ 8ರ ಬೆಳಿಗ್ಗೆ ಬಾವಿಯ ಮೇಲೆ ಮತ್ತೆ ಸಪ್ಪೆ ರೊಟ್ಟಿ.

ಜಿನ್ನ್ ಬಂಧನದಲ್ಲಿದ್ದರೆ ಇಟ್ಟವರು ಯಾರು? ಮನುಷ್ಯರೇ. ಸೊಸೆ ರಾತ್ರಿ ಕಾದು ಕೂತರೆ ಕಾಣುವುದು ಹಾಜ್ಜಾ, 25 ವರ್ಷದಿಂದ ಗುಟ್ಟಾಗಿ ರೊಟ್ಟಿ ಇಡುತ್ತಾ ಬಂದವಳು. ಎದುರಾದಾಗ ಅವಳು ಕೊಡುವ ಲೆಕ್ಕ ರ್ಯಾಲ್‌ನಲ್ಲಿರಲಿ. 1 ದಿರ್ಹಮ್‌ಗೆ 20 ರ್ಯಾಲ್, ಹಳಬರ ಬಾಯಲ್ಲಿ ಈಗಲೂ ಅದೇ. ತಿಂಗಳಿಗೆ 200 ದಿರ್ಹಮ್ ಸಂಬಳ ಎಂದಿಟ್ಟುಕೊಂಡರೆ ಅವಳು “4,000 ರ್ಯಾಲ್” ಎನ್ನುತ್ತಾಳೆ, ದೊಡ್ಡ ಮೊತ್ತ ಕೊಟ್ಟವಳ ಹಾಗೆ. ಇನ್ನೊಂದು ಸಣ್ಣ ಸಾಮಗ್ರಿ: ಮೊರಾಕೊ ರಮದಾನ್‌ಗಾಗಿ ಗಡಿಯಾರವನ್ನು ಒಂದು ಗಂಟೆ ಹಿಂದಕ್ಕೆ ತಿರುಗಿಸುತ್ತದೆ, 2019ರಲ್ಲಿ ಮೇ 5ಕ್ಕೆ. ಅಂಗಳದ ಗಡಿಯಾರವೊಂದನ್ನು ಯಾರೂ ತಿರುಗಿಸದೆ ಬಿಟ್ಟರೆ, ಅಜ್ಜಿ ಏಳುವ ಹೊತ್ತಿನ ಬಗ್ಗೆ ಮನೆಯವರ ಸಾಕ್ಷ್ಯಗಳು ತಾಳೆಯಾಗುವುದಿಲ್ಲ.

ಇಷ್ಟಾದ ಮೇಲೂ ಹುಡುಗನ ಕೈ ಸರಿಹೋಗಬಾರದು. ಎಲ್ಲವೂ ಮನುಷ್ಯರ ಕೆಲಸ ಎಂದು ತೋರಿಸಿ ಕೈತೊಳೆದರೆ ಓದುಗನಿಗೆ ಮೋಸ ಮಾಡಿದಂತೆ. 27ನೆಯ ರಾತ್ರಿ, ಅಂದರೆ ಜೂನ್ 1ರ ರಾತ್ರಿ, ಒಂದೇ ಒಂದು ಘಟನೆಗೆ ವಿವರಣೆ ಸಿಗದಿರಲಿ. ಎರಡು ಬೇಡ.

ಲಿಲಾ ಬೇಕಾದರೆ

ಗ್ನಾವಾ ಲಿಲಾ ಸಂಜೆಯಿಂದ ಬೆಳಗಿನವರೆಗೆ ನಡೆಯುವ ಆಚರಣೆ. ಶಾಬಾನ್‌ನಲ್ಲಿ ಇಡಿ. ಮಆಲ್ಲಿಮ್, ಅಂದರೆ ಮೇಳದ ಗುರು, ಮೂರು ತಂತಿಯ ಗಿಂಬ್ರಿ ನುಡಿಸುತ್ತಾನೆ, ಉಳಿದವರ ಕೈಯಲ್ಲಿ ಕಬ್ಬಿಣದ ತಾಳಗಳಾದ ಕ್ರಾಕೆಬ್, ಧೂಪ ಮತ್ತು ಬಣ್ಣದ ಬಟ್ಟೆಗಳ ಹೊಣೆ ಆಚರಣೆ ನಡೆಸುವ ಹೆಂಗಸಾದ ಮುಕದ್ದಮಳದು. ಒಂದೊಂದು ಮ್ಲೂಕ್‌ಗೆ, ಅಂದರೆ ಒಡೆಯರಿಗೆ, ಒಂದೊಂದು ಬಣ್ಣ: ನೀರಿನ ಸೀದಿ ಮೂಸಾಗೆ ನೀಲಿ, ಕಸಾಯಿಖಾನೆಯ ಸೀದಿ ಹಮ್ಮುಗೆ ಕೆಂಪು, ಲಾಲ್ಲಾ ಮೀರಾಗೆ ಹಳದಿ. ಸೀದಿ ಮೂಸಾನ ಸರದಿಯಲ್ಲಿ ನೀರಿನ ಬಟ್ಟಲನ್ನು ತಲೆಯ ಮೇಲಿಟ್ಟು ಕುಣಿಯುತ್ತಾರೆ. ಬಾವಿಯ ಕಥೆಗೆ ಈ ಬಟ್ಟಲಷ್ಟೇ ಸಾಕು. ಏಳೂ ಬಣ್ಣವನ್ನು ವರ್ಣಿಸಲು ಹೋದರೆ ಪ್ರವಾಸಿ ಕೈಪಿಡಿಯಾಗುತ್ತದೆ. ಲಿಲಾ ಒಡೆಯರನ್ನು ಓಡಿಸುವುದಿಲ್ಲ, ಅವರ ಜೊತೆ ರಾಜಿ ಮಾಡಿಸುತ್ತದೆ. ಅದರ ಕೊನೆಯಲ್ಲಿ ಹುಡುಗ ಗುಣವಾದನೆಂದು ಬರೆದರೆ ಹೊಸ್ತಿಲ ಮೇಲಿನ ಬೇಡಿಕೆ ಹಾಗೇ ಉಳಿದು ಕಥೆ ಸುಳ್ಳಾಗುತ್ತದೆ. ರಾಜಿ ವಿಫಲವಾಗಬೇಕು, ಏಕೆಂದರೆ ಮನೆಯವರು ತಪ್ಪು ಕಕ್ಷಿಯ ಜೊತೆ ಮಾತಿಗೆ ಕೂತಿದ್ದಾರೆ.

ಕೆಡುವ ಜಾಗಗಳು

ಐಷಾ ಕಂದೀಶಾಳನ್ನು ಎಲ್ಲ ಕಥೆಗೂ ಎಳೆದು ತರುವುದು ಮೊದಲ ಚಟ. ಮೇಕೆಯದೋ ಒಂಟೆಯದೋ ಕಾಲುಗಳುಳ್ಳ ಆ ಸುಂದರಿ ಹೊಳೆ ಬಾವಿಗಳ ಬಳಿ ಗಂಡಸರಿಗೆ ಎದುರಾಗುತ್ತಾಳೆ, ನೆಲಕ್ಕೆ ಚಾಕು ಚುಚ್ಚಿದರೆ ಬಚಾವು. ಮೆಕ್ನೆಸ್ ಬಳಿಯ ಝೆರ್ಹೂನ್ ಬೆಟ್ಟದ ಸೀದಿ ಅಲಿ ಬೆನ್ ಹಮ್ದೂಶ್ ದರ್ಗಾದಲ್ಲಿ ಅವಳ ಗವಿಯೇ ಇದೆ, ಪ್ರವಾದಿ ಜಯಂತಿಯ ಏಳನೆಯ ದಿನದ ಹೊತ್ತಿಗೆ ಅಲ್ಲಿ ಜಾತ್ರೆ ಸೇರುತ್ತದೆ. ಇಷ್ಟು ಸ್ವಂತ ಚರಿತ್ರೆಯಿರುವವಳು ನಿಮ್ಮ ಪುಟ್ಟ ಹುಡುಗಿಯ ಕಥೆಯನ್ನು ನುಂಗಿಬಿಡುತ್ತಾಳೆ. ಬಾವಿ ಕಂಡ ನೆರೆಯವರು ಅವಳ ಹೆಸರು ಪಿಸುಗುಟ್ಟಲಿ, ಅಷ್ಟೇ.

ಎರಡನೆಯದು ದೇಶಗಳನ್ನು ಬೆರೆಸುವುದು. ಮೈಮೇಲೆ ಬರುವವರ ಆಚರಣೆಗಳಲ್ಲಿ ಝಾರ್ ಈಜಿಪ್ಟ್, ಸುಡಾನ್ ಕಡೆಯದು, ಸ್ತಂಬಾಲಿ ಟ್ಯುನಿಷಿಯಾದ್ದು, ಗ್ನಾವಾ ಮೊರಾಕೊದ್ದು. ನೈಲ್ ದಡದಿಂದ ಹೆಸರು ಹಿಡಿದು ಕರೆಯುವ ಈಜಿಪ್ಟಿನ ಮೋಹಿನಿ ನದ್ದಾಹಾಗೆ ಫೆಝ್‌ನಲ್ಲಿ ಕೆಲಸವಿಲ್ಲ.

ಮೂರನೆಯದು ಆಸ್ಪತ್ರೆ. ಮನೋರೋಗಿಗಳನ್ನು ಸರಪಳಿಯಲ್ಲಿ ಕಟ್ಟಿಡುತ್ತಿದ್ದ ಬೂಯಾ ಒಮರ್ ದರ್ಗಾಕ್ಕೆ ಹುಡುಗನನ್ನು ಕಳಿಸುವ ಆಸೆ ಹಲವರಿಗೆ ಬರುತ್ತದೆ. ಸರ್ಕಾರ 2015ರ ಜೂನ್‌ನಲ್ಲಿ ಅಲ್ಲಿದ್ದ ನೂರಾರು ರೋಗಿಗಳನ್ನು ಆಸ್ಪತ್ರೆಗಳಿಗೆ ಸ್ಥಳಾಂತರಿಸಿತು. 2019ರ ಕಥೆಗೆ ಆ ದಾರಿ ಮುಚ್ಚಿದೆ. ನರರೋಗ ವೈದ್ಯರ ಬಳಿಗೆ ಹೋಗಲಿ, ಸ್ಕ್ಯಾನಿಂಗ್ ಸರಿಯಾಗಿದೆ ಎಂಬ ವರದಿ ಬರಲಿ. ನಿಜ ಜೀವನದಲ್ಲೂ ಮನೆಗಳು ಎರಡೂ ಕಡೆ ಹೋಗುತ್ತವೆ.

ವಿವರಣೆಯ ಪ್ರಮಾಣಕ್ಕೆ ಒಂದು ಅಳತೆ: ಅಲ್ಲಿನ ಪದಗಳು ಇಡೀ ಕಥೆಯಲ್ಲಿ 12 ದಾಟದಿರಲಿ, ಪ್ರತಿಯೊಂದೂ ಕೆಲಸದ ನಡುವೆ ಬರಲಿ. ‘ಆರ್’ ಏನೆಂದು ಯಾರೂ ಪಾಠ ಹೇಳಬಾರದು. ತಾಯಿ ಹುಂಜ ಕೊಯ್ದಾಗ ಮನೆಯ ಯಜಮಾನ ಹೊರಗೆ ಹೋಗಲು ಬೇರೆ ಬಾಗಿಲು ಹುಡುಕಿದರೆ ಓದುಗನಿಗೆ ಅರ್ಥವಾಗುತ್ತದೆ.

ಕೊನೆಯ ದೃಶ್ಯ

ಬಾವಿ ತೆರೆಸುತ್ತಾರೆ. ಮೂಳೆಗಳನ್ನು ಕಫನ್‌ನಲ್ಲಿ ಸುತ್ತಿ, ಜನಾಝಾ ನಮಾಝ್ ಮಾಡಿ, ಮುಖ ಕಿಬ್ಲಾದ, ಅಂದರೆ ಮೆಕ್ಕಾದ, ಕಡೆಗೆ ಬರುವಂತೆ ಹೂಳುವ ಭಾಗಕ್ಕೆ 200 ಪದ ಸಾಕು. ಇಲ್ಲಿಗೇ ನಿಲ್ಲಿಸುವವರು ಬಹಳ. ಆದರೆ ಬೇಡಿಕೆ ಇಟ್ಟವಳು ತಾಯಿ, ಉತ್ತರ ಹೋಗಬೇಕಾದದ್ದು ಅವಳ ಬಾಗಿಲಿಗೆ. ಈಗ ಆರ್ ತಿರುಗುತ್ತದೆ: ಹಾಜ್ಜಾ ಕುರಿಯೊಂದನ್ನು ತೆಗೆದುಕೊಂಡು ಅಟ್ಲಾಸ್‌ನ ಹಳ್ಳಿಗೆ ಹೋಗಿ ಆ ಮನೆಯ ಹೊಸ್ತಿಲ ಮೇಲೆ ಕೊಯ್ಸಬೇಕು. ಕ್ಷಮಿಸುವ ಹಕ್ಕು, ಕ್ಷಮಿಸದಿರುವ ಹಕ್ಕು, ಎರಡೂ ತಾಯಿಯವು.

ಅವಳನ್ನು ಮೂಕಿಯಾಗಿಸಬೇಡಿ. ಬಾಗಿಲು ತೆರೆಯಲಿ, ಮಾತಾಡಲಿ. ಅವಳದು ತಮಝಿಘ್ತ್, ಹಾಜ್ಜಾಳದು ಅರಬಿ, ನಡುವೆ ಬಾಡಿಗೆ ಟ್ಯಾಕ್ಸಿಯ ಚಾಲಕ ಅನುವಾದಿಸುತ್ತಾನೆ. ಅವಳು ಉದ್ದಕ್ಕೆ ಹೇಳಿದ್ದನ್ನು ಅವನು ಒಂದೇ ಸಾಲಿಗೆ ಇಳಿಸಲಿ. ಅವಳ ಮೊದಲ ಪ್ರಶ್ನೆ ಮಗಳ ಸಾವಿನ ಬಗ್ಗೆ ಇರುವುದಕ್ಕಿಂತ ಕೊನೆಯ ಮೂರು ತಿಂಗಳ ಸಂಬಳದ ಬಗ್ಗೆ ಇದ್ದರೆ ದೃಶ್ಯ ಗಟ್ಟಿಯಾಗುತ್ತದೆ. 12,000 ರ್ಯಾಲ್, ಕೊಟ್ಟಿರಲಿಲ್ಲ. ಹುಡುಗಿಯ ನಿಜವಾದ ಹೆಸರು ಬರಬೇಕಾದದ್ದೂ ಇಲ್ಲೇ, ಚಾಲಕ ಅನುವಾದಿಸಬೇಕಾಗಿಲ್ಲದ ಒಂದೇ ಪದವಾಗಿ. ಮೊಮ್ಮಗನ ಕೈ ಏನಾಯಿತು ಎಂಬುದನ್ನು ಈ ದೃಶ್ಯಕ್ಕೂ ಮುಂಚೆ, ನಡುವೆ ಎಲ್ಲೋ, ಅರ್ಧ ವಾಕ್ಯದಲ್ಲಿ ಹೇಳಿ ಮುಗಿಸಿಬಿಡಿ. ಕೊನೆಯ ಪುಟಕ್ಕೆ ಅದನ್ನು ಉಳಿಸಿಕೊಂಡರೆ ಓದುಗ ಹುಡುಗನನ್ನು ನೋಡುತ್ತಾನೆ, ತಾಯಿಯನ್ನು ನೋಡುವುದಿಲ್ಲ.